ಹಳೆಯ ಚಿತ್ರಕ್ಕೆ ಸುಳ್ಳು ಅಡಿಬರಹ

ಪ್ರತಿ ವರ್ಷ ಸೆಪ್ಟೆಂಬರ್ 17 ಬಂತೆಂದರೆ ಟಿ.ವಿ. ವಾಹಿನಿಗಳಲ್ಲಿ ಹೈದರಾಬಾದ್ ವಿಮೋಚನೆಯ ಕಪ್ಪು-ಬಿಳುಪು ದೃಶ್ಯಗಳು ಮೂಡತೊಡಗುತ್ತವೆ. ಬೀದರ ಜಿಲ್ಲೆಯಲ್ಲಿ ಇತಿಹಾಸ ಪಾಠ ಹೇಳಿ ನಿವೃತ್ತನಾದ ನನಗೆ ಇದು ಸಂತೋಷ ತರಬೇಕಿತ್ತು. ಬರುವುದು ಸಿಟ್ಟು.

ಒಂದು ಉದಾಹರಣೆ ನೋಡಿ. ವಿಮಾನ ನಿಲ್ದಾಣದಲ್ಲಿ ನಿಜಾಮರು ಸರದಾರ ಪಟೇಲರಿಗೆ ಕೈಮುಗಿಯುವ ಚಿತ್ರ ಎಲ್ಲರೂ ಕಂಡದ್ದೇ. ಅದರ ಕೆಳಗೆ ‘1948ರ ಸೆಪ್ಟೆಂಬರ್ 17, ನಿಜಾಮರ ಶರಣಾಗತಿ’ ಎಂದು ಬರೆಯುವವರಿದ್ದಾರೆ. ಅಂದು ನಿಜಾಮರು ಕದನವಿರಾಮ ಸಾರಿದ್ದು ನಿಜ. ಮರುದಿನ ಅವರ ಸೇನಾಪತಿ ಎಲ್ ಎದ್ರೂಸ್, ಮೇಜರ್ ಜನರಲ್ ಜೆ.ಎನ್. ಚೌಧುರಿಯವರಿಗೆ ಶರಣಾದರು. ಬೇಗಂಪೇಟೆಯ ಆ ಭೇಟಿ ನಡೆದದ್ದು ಮಾತ್ರ 1949ರ ಫೆಬ್ರುವರಿಯಲ್ಲಿ. ಐದು ತಿಂಗಳ ಇತಿಹಾಸವನ್ನು ಒಂದು ಅಡಿಬರಹ ನುಂಗಿಬಿಟ್ಟಿತು!

‘ಅದರಿಂದ ಏನಾಯ್ತು ಗುರುಗಳೆ, ಜನರಿಗೆ ಭಾವನೆ ಮುಟ್ಟಿದರೆ ಸಾಲದೆ?’ ಎಂದು ಇಂಥ ಕಾರ್ಯಕ್ರಮ ತಯಾರಿಸುವ ತರುಣನೊಬ್ಬ ನನ್ನನ್ನು ಕೇಳಿದ. ಸಾಲದು. 1948ರ ಮೇ ತಿಂಗಳಲ್ಲಿ ಬಸವಕಲ್ಯಾಣ ತಾಲ್ಲೂಕಿನ ಗೋರಟಾದಲ್ಲಿ ರಜಾಕಾರರು ಹತ್ಯಾಕಾಂಡ ನಡೆಸಿದರು. ಆ ಕಥೆ ಹೇಳುವಾಗ ವಾಹಿನಿಯೊಂದು ತೋರಿಸಿದ್ದು ಪಂಜಾಬಿನ ದೇಶವಿಭಜನೆಯ ನಿರಾಶ್ರಿತರನ್ನು. ಸುಳ್ಳು ಚಿತ್ರ ಬಯಲಾದ ದಿನ, ಸತ್ಯವಾದ ಘಟನೆಯನ್ನೂ ಕಟ್ಟುಕಥೆಯೆನ್ನುವವರು ಹುಟ್ಟಿಕೊಳ್ಳುತ್ತಾರೆ. ಗೋರಟಾದ ಮೃತರಿಗೆ ಇದಕ್ಕಿಂತ ದೊಡ್ಡ ಅಪಚಾರವುಂಟೆ?

ಇನ್ನೊಂದು ಗಾಯವೂ ಇಲ್ಲಿದೆ. ಪೊಲೀಸ್ ಕಾರ್ಯಾಚರಣೆಯ ಬಳಿಕ ಮುಸ್ಲಿಮರ ಮೇಲೆ ನಡೆದ ಹಿಂಸೆಯನ್ನು ವಿಚಾರಿಸಿದ ಪಂಡಿತ ಸುಂದರಲಾಲ್ ಸಮಿತಿ, ಅತಿ ಹೆಚ್ಚು ಹಾನಿಗೊಳಗಾದ ನಾಲ್ಕು ಜಿಲ್ಲೆಗಳಲ್ಲಿ ಬೀದರವನ್ನೂ ಹೆಸರಿಸಿತು. ಎರಡೂ ಕಡೆಯವರು ಕಣ್ಣೀರಿಟ್ಟ ನೆಲದಲ್ಲಿ ಯಾರದೋ ಹೆಣವನ್ನು ಇನ್ನಾರದೋ ಎಂದು ತೋರಿಸುವುದು ಬೆಂಕಿಯೊಡನೆ ಆಟ. ನ್ಯಾಯಾಲಯದಲ್ಲಿ ಸುಳ್ಳು ಸಾಕ್ಷಿ ಹೇಳಿದವನಿಗೆ ಶಿಕ್ಷೆಯುಂಟು. ಪರದೆಯ ಮೇಲೆ ಹೇಳಿದವನಿಗೆ ಜಾಹೀರಾತು ಸಿಗುತ್ತದೆ.

ಸಾಮಗ್ರಿ ಸಿಗುವುದಿಲ್ಲವೆಂಬ ನೆಪ ಈಗ ನಡೆಯದು. ಬ್ರಿಟಿಷ್ ಪಾಥೆ ಸಂಸ್ಥೆಯೊಂದೇ 2014ರಲ್ಲಿ ಸುಮಾರು 85,000 ಹಳೆಯ ಸುದ್ದಿಚಿತ್ರಗಳನ್ನು ಯೂಟ್ಯೂಬಿನಲ್ಲಿ ಇರಿಸಿತು. ಸಂಗ್ರಹಾಲಯದಿಂದ ತಂದ ಚಿತ್ರಸುರುಳಿಗೆ ಸಾಮಾನ್ಯವಾಗಿ ಶೀರ್ಷಿಕೆ, ಕಾಲ, ಸ್ಥಳಗಳ ವಿವರ ಇದ್ದೇ ಇರುತ್ತದೆ. ಅದನ್ನು ಓದುವ ವ್ಯವಧಾನ ಬೇಕು, ಅಷ್ಟೆ. ಹಿನ್ನೆಲೆ ಸಂಗೀತಕ್ಕೆ ಹಣ ಸುರಿಯುವವರು ಒಬ್ಬ ಸಂಶೋಧಕನಿಗೆ ನಾಲ್ಕು ದಿನದ ಸಂಬಳ ಕೊಡಲಾರರೆ?

ನಾನು ಕೇಳುವುದಿಷ್ಟೆ. ಹಳೆಯ ದೃಶ್ಯ ತೋರಿಸಿದಾಗಲೆಲ್ಲ ಅದು ಎಲ್ಲಿಯದು, ಯಾವಾಗಿನದು, ಯಾರು ತೆಗೆದದ್ದು ಎಂದು ಮೂಲೆಯಲ್ಲಿ ಬರೆಯಿರಿ. ಚಿತ್ರ ಇಲ್ಲದಿದ್ದರೆ ಇಲ್ಲವೆಂದೇ ಹೇಳಿ, ಇಂದಿನ ಗೋರಟಾದ ಓಣಿಗಳನ್ನು ತೋರಿಸಿ. ಭಾಲ್ಕಿ, ಔರಾದಗಳ ಹಳ್ಳಿಗಳಿಗೆ ಕ್ಯಾಮೆರಾ ಹೊತ್ತು ಹೋಗಿ. ಅಂದು ಹತ್ತು ವರ್ಷದವರಾಗಿದ್ದವರು ಇಂದು ತೊಂಬತ್ತರ ಹೊಸ್ತಿಲಲ್ಲಿದ್ದಾರೆ. ಅವರ ಮಾತನ್ನು ಚಿತ್ರೀಕರಿಸಿ, ದಿನಾಂಕ ಹಾಕಿ ಜೋಪಾನವಾಗಿಡಿ. ಕಾಯುವಷ್ಟು ಕಾಲ ಅವರಿಗೂ ಇಲ್ಲ, ನಿಮಗೂ ಇಲ್ಲ.