ಚಾಮಯ್ಯ ಮೇಷ್ಟ್ರ ಮಾತು
ನಮ್ಮ ಕೈಲಾಂಚದ ಕಡೆ ಸಿನಿಮಾ ಅಂದರೆ ರಾಮನಗರದ ಬೆಟ್ಟದಲ್ಲಿ ತೆಗೆದ ‘ಶೋಲೆ’ ಮಾತೇ. ಸೋದರಿಯರೇ, ನನಗೆ ಮಾತ್ರ ಮೈಸೂರಿನ ಕೆ. ಎಸ್. ಅಶ್ವತ್ಥರೇ ನೆನಪಾಗುತ್ತಾರೆ. 1955ರ ‘ಸ್ತ್ರೀರತ್ನ’ದಿಂದ ಬಂದವರು ನೂರಾರು ಚಿತ್ರಗಳಲ್ಲಿ ಅಪ್ಪ, ಅಣ್ಣ, ಮೇಷ್ಟ್ರಾದರು; 2010ರಲ್ಲಿ ತೀರಿಕೊಂಡರು.

1972ರ ‘ನಾಗರಹಾವು’ ಟೀವಿಯಲ್ಲಿ ಬಂದರೆ ಈಗಲೂ ಒಲೆ ಆರಿಸಿ ಕೂರುತ್ತೇನೆ. ಅಲಮೇಲುವನ್ನು ಬಿಟ್ಟುಬಿಡು ಅಂತ ಚಾಮಯ್ಯ ಮೇಷ್ಟ್ರು ರಾಮಾಚಾರಿಗೆ ಗದರಿ ಹೇಳಲಿಲ್ಲ, ಮಮತೆಯಿಂದ ಹೇಳಿದರು. ಹುಡುಗ ಕಟ್ಟುಬಿದ್ದ; ಇಬ್ಬರ ಬಾಳೂ ಹಾಳಾಯಿತು.

ಮೊನ್ನೆ ನನ್ನ ಮಗಳು ಬೇರೆ ಜಾತಿಯ ಹುಡುಗನ ಮಾತೆತ್ತಿದಳು. ‘ನನ್ನಾಣೆ, ಬಿಟ್ಟುಬಿಡು’ ಅನ್ನಲು ಹೊರಟವಳಿಗೆ ಮೇಷ್ಟ್ರ ಮುಖ ಕಣ್ಮುಂದೆ ಬಂತು. ಆಣೆ ಹಾಕಲಿಲ್ಲ. ‘ಅವನನ್ನು ಒಮ್ಮೆ ಮನೆಗೆ ಕರ್ಕೊಂಡು ಬಾರಮ್ಮಾ’ ಅಂದೆ. ನೀವೇನು ಮಾಡುತ್ತಿದ್ದಿರಿ?