ಭರಣಿಯೊಳಗಿನ ಕೂಲಿ

ರಾಜಕೀಯ ಪತ್ರಿಕೆಯಲ್ಲಿ ಉಪ್ಪಿನಕಾಯಿಗೆ ಸ್ಥಳವೆಲ್ಲಿ ಎಂದು ಕೆಲವು ಮಿತ್ರರು ಮೂಗು ಮುರಿಯಬಹುದು. ಮುರಿಯಲಿ. ಮೊಸರನ್ನದ ಪಕ್ಕದಲ್ಲಿ ಒಂದು ಹೋಳು ಕಾಣದಿದ್ದರೆ ಅದೇ ಮೂಗು ಮನೆಯಾಕೆಯ ಕಡೆ ತಿರುಗುವುದನ್ನು ನಾವು ಕಂಡಿದ್ದೇವೆ.

ದೇವರಾಜ ಮಾರುಕಟ್ಟೆಯ ಒಂದು ಭಾಗ 2016ರ ಆಗಸ್ಟ್ ತಿಂಗಳಲ್ಲಿ ಕುಸಿದುಬಿತ್ತು. ಕಟ್ಟಡವನ್ನು ಉಳಿಸಬೇಕೋ ಕೆಡವಬೇಕೋ ಎಂಬ ವಾದ ನ್ಯಾಯಾಲಯದವರೆಗೆ ಹೋಯಿತು. ಒಳ್ಳೆಯದೇ. ಆದರೆ ಆ ಮಾರುಕಟ್ಟೆಯಿಂದ ಚೀಲದಲ್ಲಿ ಹೊರಟ ಹೇರಳೆಕಾಯಿ ಮೊಹಲ್ಲಾದ ಯಾವ ಮನೆಗೆ ಹೋಗುತ್ತದೆ, ಯಾರ ಕೈಯಲ್ಲಿ ಹೋಳಾಗುತ್ತದೆ, ಆ ಕೈಗೆ ಏನು ಸಿಗುತ್ತದೆ ಎಂಬುದರ ಬಗ್ಗೆ ಯಾರೂ ವಾದಿಸಿದ್ದನ್ನು ನಾವು ಕೇಳಿಲ್ಲ.

ಹೇರಳೆಕಾಯಿ ನಿಂಬೆಯಷ್ಟು ಸಾಧು ಪ್ರಾಣಿಯಲ್ಲ. ಸಿಪ್ಪೆ ದಪ್ಪ, ಒರಟು. ಒಳಗಿನ ಬಿಳಿಯ ಭಾಗವೂ ಬೀಜವೂ ಕಹಿ. ತೊಳೆದ ಮೇಲೆ ಒಂದೊಂದನ್ನೂ ಬಟ್ಟೆಯಿಂದ ಒರೆಸಿ, ನೀರಿನ ಪಸೆ ಇಲ್ಲದಂತೆ ಆರಿಸಬೇಕು. ಹೆಚ್ಚಿ ಬೀಜ ತೆಗೆಯಬೇಕು. ನಾಲ್ಕು ಪಾಲು ಹೋಳಿಗೆ ಒಂದು ಪಾಲು ಉಪ್ಪು, ಸ್ವಲ್ಪ ಅರಿಸಿನ. ಭರಣಿಯ ಬಾಯಿಗೆ ಬಟ್ಟೆ ಕಟ್ಟಿ, ದಿನಕ್ಕೊಮ್ಮೆ ಒಣಗಿದ ಸೌಟಿನಿಂದ ತಿರುವಿ, ಬಿಸಿಲಿಗಿಟ್ಟು, ಸಂಜೆ ಒಳಗೆ ತರಬೇಕು. ಸಿಪ್ಪೆ ಮೆತ್ತಗಾಗುವವರೆಗೆ ಇದೇ ಕೆಲಸ. ಆಮೇಲೆ ಬಣ್ಣಕ್ಕೆ ಬ್ಯಾಡಗಿ, ಖಾರಕ್ಕೆ ಗುಂಟೂರು. ಹುರಿದ ಮೆಂತ್ಯ, ಸಾಸಿವೆ, ಇಂಗು. ಹಿತ್ತಾಳೆ ತಾಮ್ರದ ಪಾತ್ರೆ ಕೂಡದು, ಹುಳಿ ಲೋಹವನ್ನು ತಿನ್ನುತ್ತದೆ. ಉಪ್ಪು ಹೋಳಿನ ನೀರನ್ನು ಹೊರಗೆಳೆಯುತ್ತದೆ. ಆ ಉಪ್ಪೂ ಹಣ್ಣಿನ ಹುಳಿಯೂ ಸೇರಿದಲ್ಲಿ ಕೊಳೆಸುವ ಕ್ರಿಮಿಗೆ ಬದುಕಿಲ್ಲ. ಶಾಲೆಯಲ್ಲಿ ವಿಜ್ಞಾನದ ಪಾಠಕ್ಕೆ ನಾವು ಇದನ್ನೇ ಉದಾಹರಣೆ ಕೊಡುತ್ತಿದ್ದೆವು.

ಮುಟ್ಟಾದ ಹೆಂಗಸು ಭರಣಿಯನ್ನು ಮುಟ್ಟಿದರೆ ಉಪ್ಪಿನಕಾಯಿ ಕೆಡುತ್ತದೆ ಎನ್ನುವವರು ಇನ್ನೂ ಇದ್ದಾರೆ. ಕೆಡಿಸುವುದು ಒದ್ದೆ ಸೌಟು, ಕಡಮೆ ಉಪ್ಪು. ಕೊಟ್ಟು ಮಾಡಿಸುವ ವ್ಯಾಪಾರಿ ಮಾತ್ರ ಈ ವಿಷಯದಲ್ಲಿ ನಮಗಿಂತ ಮುಂದಿದ್ದಾನೆ: ತಿಂಗಳ ಮೂವತ್ತು ದಿನವೂ ಅವನಿಗೆ ಆ ಕೈ ಶುದ್ಧವೇ.

ಮೊಹಲ್ಲಾದ ಒಂದು ವಠಾರದಲ್ಲಿ ಗಂಡನನ್ನು ಕಳೆದುಕೊಂಡ ಒಬ್ಬ ತಾಯಿ ಇದ್ದಾರೆ. ವ್ಯಾಪಾರಿಯ ಹುಡುಗ ಹಣ್ಣು, ಉಪ್ಪು, ಪುಡಿ ತಂದು ಇಳಿಸುತ್ತಾನೆ. ತುಂಬಿದ ಡಬ್ಬಗಳನ್ನು ಕೊಂಡೊಯ್ಯುತ್ತಾನೆ. ಬಾಟಲಿಯ ಚೀಟಿಯಲ್ಲಿ ‘ಮನೆಯ ರುಚಿ’ ಎಂದು ಅಚ್ಚಾಗಿರುತ್ತದೆ. ಯಾರ ಮನೆ ಎಂದು ಇರುವುದಿಲ್ಲ. ನಾವು ಒಂದು ದಿನ ಗಡಿಯಾರ ಇಟ್ಟುಕೊಂಡು ಅವರ ಪಕ್ಕದಲ್ಲೇ ಕುಳಿತೆವು. ಐದು ಕಿಲೋ ಹೇರಳೆ ಒರೆಸಿ, ಹೆಚ್ಚಿ, ಬೀಜ ತೆಗೆಯಲು ತಾಯಿ ಮಗಳಿಬ್ಬರಿಗೆ ಎರಡು ಗಂಟೆಗೂ ಮೇಲೆ ಹಿಡಿಯಿತು. ನಾವೂ ನಾಲ್ಕು ಹಣ್ಣು ಹೆಚ್ಚಿ, ಬೆರಳು ಕೊಯ್ದುಕೊಂಡು, ಆ ಗಾಯಕ್ಕೆ ಉಪ್ಪು ತಾಗಿದ ಮೇಲೆ ಚಾಕು ಕೆಳಗಿಟ್ಟೆವು. ಅವರಿಗೆ ಸಿಗುವುದು ತುಂಬಿದ ಡಬ್ಬದ ಲೆಕ್ಕದಲ್ಲಿ. ಮಾಳಿಗೆ ಹತ್ತಿ ಇಳಿದದ್ದಕ್ಕೆ, ಮೋಡ ಕವಿದಾಗ ಓಡಿದ್ದಕ್ಕೆ, ಕಾದ ದಿನಗಳಿಗೆ ಲೆಕ್ಕವಿಲ್ಲ. ಒಂದು ಡಬ್ಬಕ್ಕೆ ಬೂಷ್ಟು ಬಂದರೆ ಮಾತ್ರ ತಪ್ಪದೆ ಲೆಕ್ಕ, ಅದೂ ಅವರ ಹಣದಲ್ಲಿ ಮುರಿದುಕೊಂಡು.

“ಇದು ಕೂಲಿ ಅಲ್ಲವೇನಮ್ಮ?” ಎಂದು ಕೇಳಿದೆವು. “ಮನೇಲಿ ಕೂತು ಮಾಡೋದಕ್ಕೆ ಕೂಲಿ ಅಂತಾರಾ ಮೇಷ್ಟ್ರೇ? ಕೇಳಿದ್ರೆ ಹಣ್ಣು ಪಕ್ಕದ್ಮನೆಗೆ ಹೋಗುತ್ತೆ” ಎಂದರು.

ಕೂಲಿ ಅನ್ನುತ್ತಾರೆ. 1948ರ ಕನಿಷ್ಠ ವೇತನ ಕಾಯಿದೆಯೇ, ಸರಕನ್ನು ಮನೆಗೆ ಒಯ್ದು ಮಾಡಿಕೊಡುವವರನ್ನು ಕೆಲಸಗಾರರ ಲೆಕ್ಕಕ್ಕೆ ಸೇರಿಸಿತ್ತು. 1966ರ ಬೀಡಿ ಕೆಲಸಗಾರರ ಕಾಯಿದೆ ಮನೆಯಲ್ಲಿ ಬೀಡಿ ಕಟ್ಟುವವಳನ್ನು ಹಾಗೆಯೇ ಒಪ್ಪಿತು. ಎಷ್ಟು ಎಲೆ, ಎಷ್ಟು ತಂಬಾಕು ಪಡೆದಳು, ಎಷ್ಟು ಬೀಡಿ ಕೊಟ್ಟಳು ಎಂಬ ಪುಸ್ತಕ ಬೀಡಿ ಕಟ್ಟುವ ಹೆಂಗಸಿನ ಕೈಗೆ ಬಂದದ್ದು ಮಾಲೀಕರ ಕರುಣೆಯಿಂದಲ್ಲ, ಸಂಘಗಳ ಹೋರಾಟದಿಂದ. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ 1996ರಲ್ಲಿ ಮನೆಗೆಲಸದ ಉತ್ಪಾದಕರಿಗಾಗಿಯೇ ಒಂದು ಒಪ್ಪಂದ ಮಾಡಿತು. ಭಾರತ ಅದಕ್ಕೆ ಅನುಮೋದನೆ ನೀಡಿಲ್ಲ. ಹೇರಳೆ ಹೆಚ್ಚುವ ಈ ತಾಯಿಯ ಬಳಿ ತಾನು ಇಷ್ಟು ಮಾಡಿದೆ ಎಂದು ತೋರಿಸಲು ಒಂದು ಚೂರು ಕಾಗದವೂ ಇಲ್ಲ. ಕಾಗದವಿಲ್ಲದ ಕೆಲಸಗಾರಳನ್ನು ಯಾವ ಕಚೇರಿ ಗುರುತಿಸೀತು?

ವ್ಯಾಪಾರಿಯಿಲ್ಲದೆ ಸರಕು ಮಾರುವುದು ಹೇಗೆ ಎಂಬ ಪ್ರಶ್ನೆ ಬರುತ್ತದೆ. ಮುಂಬಯಿಯ ಗಿರ್‌ಗಾಂವ್‌ನಲ್ಲಿ 1959ರ ಮಾರ್ಚ್ 15ರಂದು ಏಳು ಮಂದಿ ಹೆಂಗಸರು 80 ರೂಪಾಯಿ ಸಾಲ ತಂದು ಹಪ್ಪಳ ಒತ್ತಲು ಕುಳಿತರು. ಅದೇ ಇಂದಿನ ಲಿಜ್ಜತ್. ಹಿಟ್ಟು ಒಂದೆಡೆ ಕಲಸಿ, ಮನೆಗೊಯ್ದು ಒತ್ತಿ ತಂದವರೇ ಅಲ್ಲಿ ಪಾಲುದಾರರು. ಎಲ್ಲ ಬೀದಿಯಲ್ಲೂ ಹಾಗಾದೀತೆಂದು ನಾವು ಹೇಳುವುದಿಲ್ಲ. ಸಾಲ, ಮಾಳಿಗೆ, ಮಾರಾಟದ ಓಡಾಟ, ಎಲ್ಲವೂ ಬೇಕು. ಶಿವರಾಂಪೇಟೆಯ ಕಡೆ ಹೆಂಚಿನ ಮನೆ ಕೆಡವಿ ಮಳಿಗೆ ಕಟ್ಟಿದಂತೆಲ್ಲ ಬಿಸಿಲಿಗೂ ಬಾಡಿಗೆ ಬಂದಿದೆ.

ಅದಕ್ಕೆ ಮುಂಚಿನ ಕೆಲಸ ಒಂದಿದೆ. ನಾವು ಆ ತಾಯಿಗೆ ನಾಲ್ಕು ಗೆರೆಯ ಒಂದು ನೋಟ್‌ಬುಕ್ ಕೊಟ್ಟು ಬಂದೆವು. ದಿನಾಂಕ, ಬಂದ ಹಣ್ಣು, ಹಿಡಿದ ಹೊತ್ತು, ಸಿಕ್ಕ ಹಣ. ಮಗಳು ಏಳನೆಯ ತರಗತಿ, ಅಕ್ಷರ ಗುಂಡಗಿದೆ. ಪಕ್ಕದ ಎರಡು ಮನೆಯವರು ಬಾಗಿಲಲ್ಲೇ ಬೇಡವೆಂದರು, ಮೂರನೆಯವರು ಒಳಗೆ ಕರೆದರು. ಇಂಥ ಕೆಲಸ ಮಾಡುವ ಮನೆ ನಿಮ್ಮ ಬೀದಿಯಲ್ಲಿದ್ದರೆ ನಮ್ಮ ಕಚೇರಿಗೆ ಒಂದು ಕಾರ್ಡು ಹಾಕಿ. ನೋಟ್‌ಬುಕ್ ನಾವೇ ತಂದುಕೊಡುತ್ತೇವೆ. ಕಾರ್ಡಿನಲ್ಲಿ ಅವರ ಹೆಸರು ಬರೆಯಬೇಕಾಗಿಲ್ಲ.