ಮೊಜಾಂಬಿಕ್ ತೊಗರಿ, ಅರಕಲಗೂಡಿನ ಅಕ್ಕಡಿ ಸಾಲು

ಬೇಳೆ ರೇಟು ಏರಿದರೆ ಸುದ್ದಿ, ಇಳಿದರೆ ಸುದ್ದಿಯಲ್ಲ. 2015ರ ಅಕ್ಟೋಬರಿನಲ್ಲಿ ತೊಗರಿಬೇಳೆ ಕೆ.ಜಿ.ಗೆ 200 ರೂಪಾಯಿ ಹತ್ತಿರ ಹೋದಾಗ ಟೀವಿ, ಪೇಪರು, ವಾಟ್ಸಾಪ್ ಜೋಕು ಎಲ್ಲಾ ಕಡೆ ಅದೇ ಮಾತು. ಸರ್ಕಾರ ಗೋಡೌನುಗಳ ಮೇಲೆ ದಾಳಿ ಮಾಡಿಸಿತು. ಒಂದೂವರೆ ವರ್ಷವೂ ಕಳೆದಿರಲಿಲ್ಲ, 2017ರ ಶುರುವಿನಲ್ಲಿ ಅದೇ ತೊಗರಿ ಮಂಡಿಯಲ್ಲಿ ಬೆಂಬಲ ಬೆಲೆಗಿಂತ ಕೆಳಗೆ ಬಿತ್ತು. ಆಗ ಬೆಂಗಳೂರಿನಲ್ಲಿ ಯಾರಾದರೂ ಆ ಬಗ್ಗೆ ಮಾತಾಡಿದ್ದು ನಿಮಗೆ ನೆನಪಿದೆಯಾ? ನನಗಂತೂ ಇಲ್ಲ.

ಇದೇನಪ್ಪಾ, ಇವನು ಕೋಡ್ ಬರೆಯೋದು ಬಿಟ್ಟು ಕಾಳು ಲೆಕ್ಕ ಹಾಕೋಕೆ ಶುರು ಮಾಡಿದ ಅಂದ್ಕೋಬೇಡಿ :-) ಕಾರಣ ಇದೆ. ತಿಂಗಳಿಗೊಮ್ಮೆ ಬೆಂಗಳೂರಿನಲ್ಲಿ ಬೇಳೆ ಕೊಳ್ಳೋನು ನಾನೇ. ಅರಕಲಗೂಡು ತಾಲೂಕಿನಲ್ಲಿ ಹೊಲ ಇರೋದೂ ನಮ್ಮ ಮನೆಯವರಿಗೇ. ರೇಟು ಏರಿದರೆ ಇಲ್ಲಿ ಬೈಗುಳ, ಇಳಿದರೆ ಅಲ್ಲಿ ಬೈಗುಳ, ಎರಡೂ ನನ್ನ ಕಿವಿಗೇ ಬೀಳುತ್ತೆ. ನನ್ನ ಹಾಗೆ ಹಾಸನ, ಹೊಳೆನರಸೀಪುರ, ಚನ್ನರಾಯಪಟ್ಟಣದಿಂದ ಬಂದು ಇಲ್ಲಿ ಕೀಬೋರ್ಡು ಕುಟ್ಟುತ್ತಿರೋರು ಎಷ್ಟು ಸಾವಿರ ಜನ ಇದ್ದೀವೋ!

ಮೊದಲು ದೊಡ್ಡ ಲೆಕ್ಕ ನೋಡಿಬಿಡೋಣ. ನಮ್ಮ ದೇಶ ವರ್ಷಕ್ಕೆ ಸುಮಾರು 250 ಲಕ್ಷ ಟನ್ ಬೇಳೆಕಾಳು ಬೆಳೆಯುತ್ತೆ. ಪ್ರಪಂಚದಲ್ಲಿ ಅತಿ ಹೆಚ್ಚು ಬೆಳೆಯೋರೂ ನಾವೇ, ತಿನ್ನೋರೂ ನಾವೇ, ಆಮದು ಮಾಡಿಕೊಳ್ಳೋರೂ ನಾವೇ. 2024-25ರಲ್ಲಿ ಆಮದು ಸುಮಾರು 73 ಲಕ್ಷ ಟನ್, ಇದುವರೆಗಿನ ದಾಖಲೆ. ಅಂದ್ರೆ ನಾಲ್ಕೈದು ಕಾಳಿನಲ್ಲಿ ಒಂದು ಹಡಗಿನಲ್ಲಿ ಬಂದಿದ್ದು. ತೊಗರಿ ಮೊಜಾಂಬಿಕ್, ಮ್ಯಾನ್ಮಾರ್, ತಾಂಜಾನಿಯಾ, ಮಲಾವಿಗಳಿಂದ. ಉದ್ದು ಮ್ಯಾನ್ಮಾರ್‌ನಿಂದ, ಈಚೆಗೆ ಬ್ರೆಜಿಲ್‌ನಿಂದಲೂ. ಕಡಲೆ ಆಸ್ಟ್ರೇಲಿಯಾದಿಂದ. ಹಳದಿ ಬಟಾಣಿ ಕೆನಡಾ, ರಷ್ಯಾಗಳಿಂದ.

ಹೊರಗಿನಿಂದ ತರೋದು ತಪ್ಪು ಅಂತ ನಾನು ಹೇಳ್ತಿಲ್ಲ. ಮಳೆ ಕೈಕೊಟ್ಟ ವರ್ಷ ತರದೆ ಇನ್ನೇನು ಮಾಡೋಕಾಗುತ್ತೆ? ನನ್ನ ತಕರಾರು ಈ ಆಮದಿನ ಬಾಗಿಲನ್ನು ತೆಗೆದು ಮುಚ್ಚುವ ರೀತಿಯ ಬಗ್ಗೆ.

2016ರ ಜುಲೈನಲ್ಲಿ ಪ್ರಧಾನಿ ಮೊಜಾಂಬಿಕ್‌ಗೆ ಹೋದಾಗ ಐದು ವರ್ಷದ ಒಪ್ಪಂದ ಆಯಿತು. ಮೊದಲ ವರ್ಷ 1 ಲಕ್ಷ ಟನ್, ಕೊನೆಗೆ 2 ಲಕ್ಷ ಟನ್ ಕಾಳು ಕೊಳ್ಳೋದು ಅಂತ. ಇಲ್ಲಿ ಅದೇ ವರ್ಷ ಮಳೆ ಚೆನ್ನಾಗಾಯಿತು, ಹಿಂದಿನ ವರ್ಷದ ರೇಟು ನೋಡಿದ್ದ ರೈತರು ತೊಗರಿ ಜಾಸ್ತಿ ಹಾಕಿದರು, ದಾಖಲೆ ಬೆಳೆ ಬಂತು. ಆಮದು ನಿಂತಿತಾ? ಇಲ್ಲ. 2016-17ರಲ್ಲಿ 66 ಲಕ್ಷ ಟನ್ ಬಂತು. ಇಲ್ಲಿ ಕಣ ತುಂಬಿದ ಹೊತ್ತಿಗೇ ಬಂದರೂ ತುಂಬಿತ್ತು. ರೇಟು ಬಿದ್ದ ಮೇಲೆ, 2017ರ ಆಗಸ್ಟಿನಲ್ಲಿ, ತೊಗರಿ ಆಮದಿಗೆ ವರ್ಷಕ್ಕೆ 2 ಲಕ್ಷ ಟನ್ ಮಿತಿ ಹಾಕಿದರು. ನವೆಂಬರಿನಲ್ಲಿ ಬಟಾಣಿಗೆ ಶೇ. 50 ಸುಂಕ. 2018ರ ಮಾರ್ಚ್ ಹೊತ್ತಿಗೆ ಕಡಲೆಗೆ ಶೇ. 60. ಆಮದು 2018-19ರಲ್ಲಿ 25 ಲಕ್ಷ ಟನ್ ಆಸುಪಾಸಿಗೆ ಇಳಿಯಿತು. ಆಮೇಲೆ 2021ರ ಮೇನಲ್ಲಿ ತೊಗರಿ, ಉದ್ದು, ಹೆಸರು ಮತ್ತೆ ಮುಕ್ತ. ಮುಂದಿನ ಫೆಬ್ರವರಿಯಲ್ಲಿ ಹೆಸರಿಗೆ ಮತ್ತೆ ತಡೆ. 2023ರ ಡಿಸೆಂಬರಿನಲ್ಲಿ ಬಟಾಣಿಗೆ ಸುಂಕವೇ ಇಲ್ಲ. ಮೂರ್ನಾಲ್ಕು ತಿಂಗಳಿಗೆ ಮಾತ್ರ ಅಂದಿದ್ದು, ಮುಂದೂಡಿ ಮುಂದೂಡಿ 2025ರ ಅಕ್ಟೋಬರ್ ತನಕ ಎಳೆಯಿತು. ನವೆಂಬರ್ 1ರಿಂದ ಶೇ. 30 ಸುಂಕ.

ಓದಿ ತಲೆ ತಿರುಗಿತಾ? ಇದನ್ನು ನೋಡಿಕೊಂಡು ಏನು ಬಿತ್ತಬೇಕು ಅಂತ ನಿರ್ಧಾರ ಮಾಡೋ ರೈತನ ಗತಿ ಏನು ಹೇಳಿ. ನಮ್ಮ ಆಫೀಸಿನಲ್ಲಿ ರಿಲೀಸಿನ ಹಿಂದಿನ ದಿನ ರಿಕ್ವೈರ್‌ಮೆಂಟ್ ಬದಲಾಯಿಸಿದರೆ ನಾವು ಎಷ್ಟು ಕೂಗಾಡ್ತೀವಿ! ತೊಗರಿ ಆರೇಳು ತಿಂಗಳ ಬೆಳೆ ಸ್ವಾಮಿ. ಬಿತ್ತಿದ ಮೇಲೆ ರೋಲ್‌ಬ್ಯಾಕ್ ಅನ್ನೋದೇ ಇಲ್ಲ.

ಇನ್ನೊಂದು ವಿಷಯ. ಭಾರತ ಕೊಳ್ಳುತ್ತೆ ಅಂತ ನಂಬಿ ಮೊಜಾಂಬಿಕ್‌ನಲ್ಲೂ ಸಣ್ಣ ಸಣ್ಣ ರೈತರು ತೊಗರಿ ಹಾಕಿದ್ದರು. 2017ರಲ್ಲಿ ನಾವು ಮಿತಿ ಹಾಕಿದ ತಕ್ಷಣ ಅಲ್ಲೂ ರೇಟು ಕುಸಿಯಿತು. 2023ರ ಕೊನೆಯಲ್ಲಿ ಅಲ್ಲಿನ ರಫ್ತುದಾರರ ಜಗಳ ಕೋರ್ಟು ಹತ್ತಿ, ನಮಗೆ ಬರಬೇಕಾದ ತೊಗರಿ ನಕಾಲಾ ಬಂದರಿನಲ್ಲೇ ಕೊಳೆಯುತ್ತಾ ಕೂತಾಗ ಇಲ್ಲಿ ರೇಟು ಏರಿತು. ಹಾಗಾಗಿ ಇದು 'ಅವರು ನಮ್ಮ ಹೊಟ್ಟೆ ಮೇಲೆ ಹೊಡೆದರು' ಅನ್ನೋ ಕತೆಯಲ್ಲ. ಎರಡೂ ಕಡೆ ಏಟು ತಿಂದವನು ಎರಡೆಕರೆ ರೈತನೇ.

ಈಗ ಸ್ವಲ್ಪ ಗಣಿತ. ಬಂದರಿನಲ್ಲಿ ಇಳಿಯುವಾಗ ತೊಗರಿ ಟನ್ನಿಗೆ 800 ಡಾಲರ್ ಅಂತ ಲೆಕ್ಕಕ್ಕೆ ಇಟ್ಟುಕೊಳ್ಳಿ, ಡಾಲರಿಗೆ 85 ರೂಪಾಯಿ. ಕ್ವಿಂಟಲಿಗೆ 6,800 ಆಯಿತು. 2025-26ಕ್ಕೆ ತೊಗರಿಯ ಬೆಂಬಲ ಬೆಲೆ 8,000. ವ್ಯತ್ಯಾಸ 1,200. ಸುಂಕ ಇಲ್ಲದಿದ್ದರೆ ಮಿಲ್ಲಿನವನು ಯಾವುದನ್ನು ಕೊಳ್ಳುತ್ತಾನೆ ಅಂತ ಹೇಳಬೇಕಾಗಿಲ್ಲ. ಶೇ. 20 ಸುಂಕ ಹಾಕಿದರೆ 8,160, ಅಲ್ಲಿಗೆ ಸಮ ಆಯಿತು.

ಹಾಗಾದರೆ ಕೊಳ್ಳೋರಿಗೆ ಎಷ್ಟು ಹೊರೆ? ಕ್ವಿಂಟಲ್ ತೊಗರಿಗೆ ಸುಮಾರು 70 ಕೆ.ಜಿ. ಬೇಳೆ ಬರುತ್ತೆ. 1,200 ಭಾಗಿಸು 70, ಕೆ.ಜಿ.ಗೆ 17 ರೂಪಾಯಿ ಚಿಲ್ಲರೆ. ನಾಲ್ಕು ಜನರ ಮನೆಗೆ ತಿಂಗಳಿಗೆ 3 ಕೆ.ಜಿ. ಬೇಳೆ ಅಂದ್ರೂ 50 ರೂಪಾಯಿ ಚಿಲ್ಲರೆ ಆಯಿತು. ನಮ್ಮಂಥವರಿಗೆ ಒಂದು ಪ್ಲೇಟ್ ಮಸಾಲೆಪೂರಿ ದುಡ್ಡು. ಅದೇ ಐದು ಕ್ವಿಂಟಲ್ ಬೆಳೆದ ರೈತನಿಗೆ 6,000 ರೂಪಾಯಿ, ಮುಂದಿನ ಬೆಳೆಯ ಗೊಬ್ಬರದ ಖರ್ಚು.

"ನಿನಗೇನಪ್ಪಾ, ಸಂಬಳ ಬರುತ್ತೆ. ಕೂಲಿಯವನಿಗೆ 50 ರೂಪಾಯಿ ಸಣ್ಣದಾ?" ಅಂತ ಕೇಳಬಹುದು. ಸರಿಯಾದ ಪ್ರಶ್ನೆ. ಖಂಡಿತ ಸಣ್ಣದಲ್ಲ. ಆದರೆ ಬಡವನಿಗೆ ಬೇಳೆ ಮುಟ್ಟಿಸೋಕೆ ರೇಷನ್ ಅಂಗಡಿ ಇದೆ. ಅವನ ಹೆಸರು ಹೇಳಿಕೊಂಡು ನನ್ನಂಥವನಿಗೂ ಸೋವಿ ಬೇಳೆ ಕೊಟ್ಟು, ಅದರ ನಷ್ಟವನ್ನು ಇನ್ನೊಬ್ಬ ಬಡವನಾದ ರೈತನ ತಲೆಗೆ ಕಟ್ಟೋದು ಯಾವ ನ್ಯಾಯ?

ಇನ್ನು ನಮ್ಮ ಜಿಲ್ಲೆಗೆ ಬರೋಣ. ತೊಗರಿ ಅಂದ್ರೆ ಎಲ್ಲರೂ ಕಲಬುರಗಿ ಅಂತಾರೆ, ಸರಿ. ಅಲ್ಲಿ ಎಕರೆಗಟ್ಟಲೆ ತೊಗರಿ. ನಮ್ಮ ಕಡೆ ಕಾಳು ಅನ್ನೋದು ಯಾವತ್ತೂ ಒಂಟಿಯಾಗಿ ಬೆಳೆದಿದ್ದು ಕಡಿಮೆ. ಏಳೆಂಟು ಸಾಲು ರಾಗಿ, ನಡುವೆ ಒಂದೆರಡು ಸಾಲು ಅಕ್ಕಡಿ. ಅದರಲ್ಲಿ ತೊಗರಿ, ಅವರೆ, ಅಲಸಂದೆ, ಹುಚ್ಚೆಳ್ಳು. ಮುಂಗಾರಿಗೆ ಮೊದಲು ಬೀಳೋ ಮಳೆಗೆ ಹೆಸರು, ಅಲಸಂದೆ, ಎಳ್ಳು. ಆಲೂಗೆಡ್ಡೆ ಕಿತ್ತ ಹೊಲಕ್ಕೆ ಹುರುಳಿ. ಮಾರಿ ದುಡ್ಡು ಮಾಡೋ ಬೆಳೆ ಇದಲ್ಲ. ಆದರೆ ವರ್ಷವಿಡೀ ಸಾರಿಗೆ ಕಾಳು, ದನಕ್ಕೆ ಹುರುಳಿ ಮತ್ತು ಹೊಟ್ಟು, ನೆಲಕ್ಕೆ ಸಾರಜನಕ, ಉಳಿದಿದ್ದು ಸಂತೆಗೆ. ರಾಗಿ ಕೈಕೊಟ್ಟರೂ ಕಾಳು ಕೈ ಹಿಡಿಯುತ್ತಿತ್ತು.

ಈಗ ಹೊಳೆನರಸೀಪುರದಿಂದ ಹಾಸನದ ರಸ್ತೆಯಲ್ಲಿ ಬಸ್ಸಿನ ಕಿಟಕಿಯಿಂದ ನೋಡಿ. ಮುಸುಕಿನ ಜೋಳ ಎದ್ದು ಕಾಣುತ್ತೆ. ಅರಕಲಗೂಡಿನ ಕಡೆ ಶುಂಠಿ, ಹೊಗೆಸೊಪ್ಪು. ಚನ್ನರಾಯಪಟ್ಟಣದ ಕಡೆ ತೆಂಗು. ರಾಗಿ ಇದ್ದ ಕಡೆಯೂ ಅಕ್ಕಡಿ ಸಾಲು ಕಡಿಮೆ. ಪೂರ್ತಿ ಆಮದಿನ ತಪ್ಪು ಅಂದರೆ ಅದು ಸುಳ್ಳು. ಕಟಾವು ಮೆಷಿನ್ನು ರಾಗಿ ಹೊಲಕ್ಕೆ ಇಳಿಯಬೇಕಾದರೆ ನಡುವೆ ನಿಂತ ಹಸಿ ಅವರೆ, ತೊಗರಿ ಅಡ್ಡ. ಜೋಳಕ್ಕೆ ಹೊಡೆಯೋ ಕಳೆನಾಶಕ ಅಗಲ ಎಲೆಯ ಗಿಡವನ್ನೆಲ್ಲಾ ಸುಡುತ್ತೆ, ಅದರ ಲೆಕ್ಕದಲ್ಲಿ ಅವರೆ ಗಿಡವೂ ಕಳೆಯೇ. ಆಳುಗಳಿಲ್ಲ. ಮನೆಯಲ್ಲಿ ಹುಡುಗರಿಲ್ಲ, ಎಲ್ಲಾ ಬೆಂಗಳೂರಿನಲ್ಲಿ (ನಾನೂ ಸೇರಿ).

ಆದರೆ ಇಷ್ಟೆಲ್ಲಾ ಕಷ್ಟ ಇದ್ದೂ ಒಬ್ಬ ರೈತ ಕಾಳು ಹಾಕಬೇಕಾದರೆ ರೇಟಾದರೂ ಇರಬೇಕಲ್ಲ? ಊರಿಗೆ ಹೋದಾಗ "ಯಾಕೆ ದೊಡ್ಡಪ್ಪ, ಈ ಸಲ ಹುರುಳಿ ಹಾಕಿಲ್ವಾ?" ಅಂದೆ. "ಕೀಳೋಕೆ ಆಳಿಲ್ಲ, ಕೇಳೋಕೆ ಗಿರಾಕಿ ಇಲ್ಲ, ಯಾಕೆ ಹಾಕ್ಲಿ ಮಗ? ಅಂಗಡೀಲಿ ಬೇಳೆ ಸಿಗ್ತದೆ ಬಿಡು" ಅಂದರು. ಅಂಗಡಿಯಲ್ಲಿ ಸಿಗೋ ಆ ಬೇಳೆ ಎಲ್ಲಿಂದ ಬಂತು ಅಂತ ಪ್ಯಾಕೆಟ್ಟಿನ ಮೇಲೆ ಬರೆದಿರಲಿಲ್ಲ.

ಇದರಲ್ಲಿ ಒಂದು ವಿಚಿತ್ರ ನೋಡಿ. ಕೇಂದ್ರದ ಬೆಂಬಲ ಬೆಲೆ ಪಟ್ಟಿಯಲ್ಲಿ ಬೇಳೆಕಾಳು ಅಂದ್ರೆ ಐದೇ: ತೊಗರಿ, ಉದ್ದು, ಹೆಸರು, ಕಡಲೆ, ಮಸೂರ. ಹುರುಳಿ ಇಲ್ಲ, ಅವರೆ ಇಲ್ಲ, ಅಲಸಂದೆ ಇಲ್ಲ. 2025ರ ಅಕ್ಟೋಬರ್ 11ರಂದು 11,440 ಕೋಟಿ ರೂಪಾಯಿಯ ಬೇಳೆಕಾಳು ಸ್ವಾವಲಂಬನೆ ಮಿಷನ್ ಶುರು ಮಾಡಿದರು, 2030-31ರ ಹೊತ್ತಿಗೆ 350 ಲಕ್ಷ ಟನ್ ಬೆಳೆಯೋ ಗುರಿ. ಒಳ್ಳೆಯದೇ. ಅದರಲ್ಲೂ ಒತ್ತು ಇರೋದು ತೊಗರಿ, ಉದ್ದು, ಮಸೂರಕ್ಕೆ. ನೋಂದಾಯಿಸಿದ ರೈತರಿಂದ ನಾಲ್ಕು ವರ್ಷ ಪೂರ್ತಿ ಖರೀದಿ ಅನ್ನೋ ಭರವಸೆಯೂ ಈ ಮೂರಕ್ಕೇ. ಅತ್ಲಾಗೆ ಆಮದು ಏಟು, ಇತ್ಲಾಗೆ ಬೆಂಬಲದ ಪಟ್ಟಿಯಲ್ಲಿ ಹೆಸರೇ ಇಲ್ಲ. ಸೋವಿ ತೊಗರಿಬೇಳೆ ಬಂದಾಗ ಅದರ ಎದುರು ನಿಲ್ಲಬೇಕಾದದ್ದು ಕಲಬುರಗಿಯ ತೊಗರಿ ಮಾತ್ರ ಅಲ್ಲ, ನಮ್ಮ ಹುರುಳಿಯೂ ಹೌದು. ಯಾಕಂದ್ರೆ ತಟ್ಟೆಯಲ್ಲಿ ಜಾಗ ಇರೋದು ಒಂದೇ ಸಾರಿಗೆ!

ಬೆಂಬಲ ಬೆಲೆಯಿಂದ ಏನಾಗುತ್ತೆ ಅನ್ನೋದಕ್ಕೆ ಸಾಕ್ಷಿ ದೂರ ಹುಡುಕಬೇಕಿಲ್ಲ, ಅದೇ ಹೊಲದಲ್ಲಿದೆ. ರಾಗಿ! 2014-15ರಲ್ಲಿ ರಾಗಿಗೆ ಬೆಂಬಲ ಬೆಲೆ 1,550 ರೂಪಾಯಿ, 2025-26ಕ್ಕೆ 4,886. ರಾಜ್ಯ ಸರ್ಕಾರ ಖರೀದಿ ಕೇಂದ್ರ ತೆಗೆದು ಕೊಂಡು ರೇಷನ್ನಿನಲ್ಲಿ ಹಂಚುತ್ತೆ. ನಮ್ಮ ಕಡೆ ರಾಗಿ ಇನ್ನೂ ಉಳಿದಿದ್ದರೆ ಅದರಲ್ಲಿ ಈ ಖರೀದಿಯ ಪಾಲು ದೊಡ್ಡದು ಅಂತ ನನ್ನ ಅಭಿಪ್ರಾಯ. ಹೊಗೆಸೊಪ್ಪಿಗೂ ರಾಮನಾಥಪುರದಲ್ಲಿ ತಂಬಾಕು ಮಂಡಳಿಯ ಹರಾಜು ಕಟ್ಟೆ ಇದೆ. ಶ್ವಾಸಕೋಶ ಸುಡೋ ಬೆಳೆಗೆ ಕಟ್ಟೆ ಇದೆ, ಹೊಟ್ಟೆಗೆ ಹಾಕೋ ಹುರುಳಿಗೆ ಇಲ್ಲ.

ಕಾಳು ಹೋದ ಮೇಲೆ ಹೋಗೋದು ಕಾಳು ಮಾತ್ರ ಅಲ್ಲ. ಅಕ್ಕಡಿ ಗಿಡದ ಬೇರಿನ ಗಂಟಿನಲ್ಲಿ ಬಿಟ್ಟಿಯಾಗಿ ಸಿಗುತ್ತಿದ್ದ ಸಾರಜನಕವನ್ನು ಈಗ ಯೂರಿಯಾ ಮೂಟೆಯಲ್ಲಿ ತರಬೇಕು. 2025ರ ಮುಂಗಾರಿನಲ್ಲಿ ಯೂರಿಯಾಗೆ ರಾಜ್ಯದಲ್ಲಿ ಜನ ಸಾಲು ನಿಂತಿದ್ದು ನೋಡಿದ್ದೀರಿ. ಯೂರಿಯಾದಲ್ಲಿ ಒಂದು ಪಾಲು, ಅದನ್ನು ಇಲ್ಲಿ ಮಾಡೋಕೆ ಬೇಕಾದ ಗ್ಯಾಸಿನಲ್ಲಿ ಬಹುಪಾಲು, ಇವೂ ಹಡಗಿನಲ್ಲೇ ಬರಬೇಕು. ಅಂದ್ರೆ ಒಂದು ಅಕ್ಕಡಿ ಸಾಲು ಕಿತ್ತು ಎರಡು ಆಮದು ತಂದುಕೊಂಡಿದ್ದೀವಿ.

ಹಾಗಾದರೆ ಏನು ಮಾಡಬೇಕು? ನನಗೆ ತೋಚಿದ್ದು ಇಷ್ಟು.

ಒಂದು, ಆಮದು ಸುಂಕವನ್ನು ಬೆಂಬಲ ಬೆಲೆಗೆ ಕಟ್ಟಿಹಾಕಿ. ಬಂದರಿನಲ್ಲಿ ಇಳಿದ ಕಾಳು ಬೆಂಬಲ ಬೆಲೆಗಿಂತ ಅಗ್ಗವಾದರೆ ಸುಂಕ ತಾನಾಗೇ ಏರಲಿ, ದುಬಾರಿಯಾದರೆ ತಾನಾಗೇ ಇಳಿಯಲಿ. ಆ ಸೂತ್ರವನ್ನು ಬಿತ್ತನೆಗೆ ಮೊದಲೇ ಹೇಳಿಬಿಡಿ. ನಾವು ಬರೆಯೋ ಭಾಷೆಯಲ್ಲಿ ಒಂದು ಇಫ್-ಎಲ್ಸ್, ಅಷ್ಟೇ. ರಾತ್ರೋರಾತ್ರಿ ಆದೇಶ ಬೇಡ.

ಎರಡು, ಕೇಂದ್ರ ಮಾಡದಿದ್ದರೆ ರಾಜ್ಯವಾದರೂ ಹುರುಳಿ, ಅವರೆ, ಅಲಸಂದೆಗೆ ಒಂದು ರೇಟು ಕಟ್ಟಲಿ. 2025ರ ಜನವರಿಯಲ್ಲಿ ತೊಗರಿಗೆ ಬೆಂಬಲ ಬೆಲೆಯ ಮೇಲೆ ಕ್ವಿಂಟಲಿಗೆ 450 ರೂಪಾಯಿ ಸೇರಿಸಿಕೊಟ್ಟ ಸರ್ಕಾರಕ್ಕೆ ಇದು ಆಗದ ಮಾತಲ್ಲ. ರಾಗಿ ಕೊಳ್ಳೋ ಕೇಂದ್ರದಲ್ಲೇ, ಅದೇ ತಕ್ಕಡಿಯಲ್ಲೇ ಎರಡು ಮೂಟೆ ಕಾಳೂ ಕೊಳ್ಳಲಿ.

ಮೂರು, ಕೊಂಡಿದ್ದನ್ನು ಹಂಚಲಿ. 2025ರ ಅಕ್ಟೋಬರಿನಲ್ಲಿ ರಾಜ್ಯ ಸಂಪುಟ ಹೆಚ್ಚುವರಿ ಅಕ್ಕಿಯ ಬದಲು ಆಹಾರ ಕಿಟ್ ಕೊಡೋಕೆ ಒಪ್ಪಿತು, ಅದರಲ್ಲಿ ತೊಗರಿಬೇಳೆ ಇದೆ. ಹಾಸನ, ಮಂಡ್ಯ, ತುಮಕೂರಿನಲ್ಲಿ ಹುರುಳಿಯೂ ಇರಲಿ. ಮುದ್ದೆ ಜೊತೆ ಹುರುಳಿ ಕಟ್ಟಿನ ಸಾರು ಬೇಡ ಅನ್ನೋರು ನಮ್ಮ ಜಿಲ್ಲೆಯಲ್ಲಿ ಯಾರಾದರೂ ಇದ್ದರೆ ಕೈ ಎತ್ತಲಿ :-)

ಇನ್ನು ನಮ್ಮ ಪಾಲು. ವಿ.ವಿ.ಪುರಂನ ಅವರೆ ಮೇಳಕ್ಕೆ ಹೋಗಿ ಅವರೆ ದೋಸೆ, ಅವರೆ ಜಾಮೂನು ಅಂತ ಫೋಟೋ ಹಾಕ್ತೀವಲ್ಲ, ಅದು ಜನವರಿಯ ಒಂದೆರಡು ವಾರದ ಪ್ರೀತಿ. ಉಳಿದ ತಿಂಗಳು ಊರಿನಿಂದ ಬರೋ ಹುರುಳಿ, ಒಣ ಅವರೆಯನ್ನು "ನೆನೆ ಹಾಕೋಕೆ ಟೈಮಿಲ್ಲ" ಅಂತ ಡಬ್ಬಿಯಲ್ಲೇ ಬಿಡ್ತೀವಿ. ರಾತ್ರಿ ನೆನೆ ಹಾಕೋಕೆ ಎಷ್ಟು ಹೊತ್ತು ಬೇಕು? ಒಂದು ನಿಮಿಷ. ಊರಲ್ಲಿ ಕಾಳು ಬೆಳೆಯೋರ ಹತ್ತಿರವೇ ನಾಲ್ಕು ಸೇರು ದುಡ್ಡು ಕೊಟ್ಟು ತಂದರೆ ದೊಡ್ಡಪ್ಪ ಹೇಳಿದ ಆ ಗಿರಾಕಿ ನಾವೇ ಆಗ್ತೀವಿ. ಇದರಿಂದ ಆಮದು ನೀತಿ ಬದಲಾಗಲ್ಲ, ಗೊತ್ತು. ಆದರೆ ಬಿತ್ತನೆಗೆ ಒಂದಿಷ್ಟು ಬೀಜ ಉಳಿಯುತ್ತೆ. ನೀತಿ ಬದಲಾಗೋ ದಿನ ಬಿತ್ತೋಕೆ ಬೀಜವೇ ಇಲ್ಲದಿದ್ದರೆ?

ನಿಮ್ಮೂರಲ್ಲಿ ಅಕ್ಕಡಿ ಸಾಲು ಇನ್ನೂ ಇದೆಯಾ? ಹುರುಳಿ ಏನು ರೇಟಿಗೆ ಹೋಗ್ತಿದೆ? ಗೊತ್ತಿದ್ದೋರು ತಾಲೂಕಿನ ಹೆಸರಿನ ಸಮೇತ ಕಾಮೆಂಟು ಹಾಕಿ. ನನ್ನ ಲೆಕ್ಕ ಒಪ್ಪದೇ ಇರೋರು ನಿಮ್ಮ ಲೆಕ್ಕ ಹಾಕಿ ತೋರಿಸಿ, ಜಗಳ ಆಡೋಣ.